ಕೂಸಿನ ತಲೆಯ ಮೇಲಿನ ಬಾವು, ಗಾಯ, ಹಕ್ಕಳೆ: ಯಾವುದಕ್ಕೆ ಕಾಯಬೇಕು, ಯಾವುದಕ್ಕೆ ಓಡಬೇಕು?

ಹೆರಿಗೆಯಾದ ಮನೆಗೆ ಕೂಸನ್ನು ನೋಡಲು ಬರುವವರು ಮೊದಲು ಮುಖ ನೋಡುತ್ತಾರೆ, ಬಣ್ಣ ನೋಡುತ್ತಾರೆ, ಆಮೇಲೆ ಕುಂಚಿಗೆ ಸರಿಸಿ ತಲೆ ನೋಡುತ್ತಾರೆ. ಅಲ್ಲಿ ಬಾವೋ ಕಲೆಯೋ ಕಂಡರೆ ಸಲಹೆಗಳು ಶುರುವಾಗುತ್ತವೆ. ಒಬ್ಬರು ಬಿಸಿ ಬಟ್ಟೆಯ ಕಾವು ಕೊಡಿರಿ ಎನ್ನುತ್ತಾರೆ, ಇನ್ನೊಬ್ಬರು ಎಣ್ಣೆ ಹಚ್ಚಿ ಒತ್ತಿ ಒತ್ತಿ ತಿಕ್ಕಿರಿ ಎನ್ನುತ್ತಾರೆ, ಮತ್ತೊಬ್ಬರು ಗ್ರಹಣದ ದೋಷವೆಂದು ಬಾಣಂತಿಯ ಮೇಲೆಯೇ ತಪ್ಪು ಹೊರಿಸುತ್ತಾರೆ. ವಾಗದರಿ ಹಾಗೂ ಅಕ್ಕಲಕೋಟೆ ತಾಲೂಕಿನ ಗಡಿಹಳ್ಳಿಗಳಲ್ಲಿ ಇನ್ನೊಂದು ತೊಡಕೂ ಉಂಟು. ಮನೆಯ ಮಾತು ಕನ್ನಡ, ದವಾಖಾನೆಯ ಮಾತು ಮರಾಠಿ, ಡಿಸ್ಚಾರ್ಜ್ ಕಾಗದದ ಬರಹ ಇಂಗ್ಲಿಷ್. ಡಾಕ್ಟರು 'ಕಾಪುಟ್' ಎಂದು ಬರೆದು ಕಳಿಸಿದರೆ, ಅದು ತಾನಾಗಿ ಇಳಿಯುವ ಬಾವು ಎಂಬುದು ಮನೆಯವರಿಗೆ ತಿಳಿಯುವುದೇ ಇಲ್ಲ. ಆದುದರಿಂದ ಈ ಸಲ ಬೆಳೆಯ ವಿಷಯವನ್ನು ಬದಿಗಿಟ್ಟು, ಎಳೆಗೂಸಿನ ತಲೆಯನ್ನು ನೋಡುವುದು ಹೇಗೆ ಎಂಬುದನ್ನು ತಿಳಿಯೋಣ.

ಡಾಕ್ಟರು ಇಂಥ ತಲೆಯನ್ನು ಪರೀಕ್ಷಿಸುವಾಗ ಮನಸ್ಸಿನಲ್ಲಿ ಮೂರು ಪ್ರಶ್ನೆ ಕೇಳಿಕೊಳ್ಳುತ್ತಾರೆ. ಇದು ಹುಟ್ಟುವಾಗಲೇ ಇತ್ತೋ, ಆಮೇಲೆ ಬಂತೋ? ಒಂದೇ ಕಡೆ ನಿಂತಿದೆಯೋ, ಹರಡುತ್ತಿದೆಯೋ? ಕೂಸು ಮೊದಲಿನಂತೆ ಹಾಲು ಕುಡಿಯುತ್ತಿದೆಯೋ? ಈ ಮೂರಕ್ಕೂ ತಾಯಿಯೇ ಉತ್ತರ ಹೇಳಬಲ್ಲಳು. ಅರ್ಧ ರೋಗನಿದಾನ ಅಲ್ಲಿಯೇ ಆಗುತ್ತದೆ.

ಕಾಪುಟ್ ಎಂದರೆ ಹೆರಿಗೆಯ ಹೊತ್ತಿನಲ್ಲಿ ಗರ್ಭಕೋಶದ ಬಾಯಿ ತಲೆಯನ್ನು ಅದುಮಿದ್ದರಿಂದ ಚರ್ಮದಲ್ಲಿ ನೀರು ತುಂಬಿ ಬರುವ ಬಾವು. ಹುಟ್ಟುತ್ತಲೇ ಇರುತ್ತದೆ. ಮೆತ್ತಗಿದ್ದು, ತಲೆಯ ಎರಡೂ ಬದಿಗೆ ಹರಡಿರಬಹುದು. ತಲೆ ಉದ್ದವಾಗಿ ಕುಂಬಳಕಾಯಿಯಂತೆ ಕಾಣುತ್ತದೆ. ಎರಡು ಮೂರು ದಿನದಲ್ಲಿ ಇಳಿದುಹೋಗುತ್ತದೆ. ತಲೆಯನ್ನು ಒತ್ತಿ ಗುಂಡಗೆ ಮಾಡುವ ಅವಶ್ಯಕತೆ ಎಳ್ಳಷ್ಟೂ ಇಲ್ಲ.

ಹೆಚ್ಚು ಗಾಬರಿ ಹುಟ್ಟಿಸುವುದು ಎರಡನೆಯ ಬಾವು. ಅದರ ಹೆಸರು ಸೆಫಾಲ್‌ಹೆಮಟೋಮಾ. ತಲೆಯ ಎಲುಬಿನ ಮೇಲೆ ಅಂಟಿಕೊಂಡಿರುವ ತೆಳು ಪೊರೆಯ ಕೆಳಗೆ ಸಣ್ಣ ರಕ್ತನಾಳ ಒಡೆದು ರಕ್ತ ನಿಲ್ಲುತ್ತದೆ. ಹುಟ್ಟಿದಾಗ ಕಾಣದೆ, ಕೆಲವು ತಾಸುಗಳ ಬಳಿಕ ಅಥವಾ ಮರುದಿನ ಎದ್ದು, ಎರಡು ಮೂರು ದಿನ ದೊಡ್ಡದಾಗುತ್ತದೆ. 'ದವಾಖಾನೆಯಲ್ಲಿ ಇರಲಿಲ್ಲ, ಮನೆಗೆ ಬಂದ ಮೇಲೆ ಬಂತು, ಯಾರೋ ಕೆಡವಿರಬೇಕು' ಎಂಬ ಮನೆಜಗಳ ಹುಟ್ಟುವುದು ಇದರಿಂದಲೇ. ರೈತರಿಗೆ ಇದನ್ನು ಗುರುತಿಸುವುದು ಸುಲಭ. ಮಡಿಯಲ್ಲಿ ಬಿಟ್ಟ ನೀರು ಒಡ್ಡು ದಾಟುವುದಿಲ್ಲ, ಅಲ್ಲವೇ? ಕೂಸಿನ ತಲೆಬುರುಡೆಯೂ ಹಲವು ಎಲುಬಿನ ಹಲಗೆಗಳಾಗಿದ್ದು, ನಡುವೆ ಹೊಲಿಗೆಯಂಥ ಗೆರೆಗಳಿರುತ್ತವೆ. ಪೊರೆ ಆ ಗೆರೆಗಳಲ್ಲಿ ಬಿಗಿಯಾಗಿ ಅಂಟಿರುವುದರಿಂದ ರಕ್ತ ಒಂದೇ ಎಲುಬಿನ ಮೇಲೆ ನಿಲ್ಲುತ್ತದೆ. ಹೆಚ್ಚಾಗಿ ನೆತ್ತಿಯ ಎಡಕ್ಕೆ ಅಥವಾ ಬಲಕ್ಕೆ. ಇದು ಕರಗಲು ಕೆಲವು ವಾರಗಳಿಂದ ಮೂರು ತಿಂಗಳವರೆಗೆ ಬೇಕು. ಕರಗುವಾಗ ಅಂಚು ಗಟ್ಟಿಯಾಗಿ ನಡುವೆ ತಗ್ಗು ಬಿದ್ದು, ಎಲುಬು ಒಡೆದಂತೆ ಕೈಗೆ ಹತ್ತುತ್ತದೆ. ಅದೂ ಗುಣವಾಗುವ ರೀತಿಯೇ.

ಇಲ್ಲಿ ಎರಡು ಮಾತು ಮುಖ್ಯ. ಒಂದು, ಈ ಬಾವಿಗೆ ಸೂಜಿ ಚುಚ್ಚಿ ರಕ್ತ ತೆಗೆಯಬಾರದು, ತೆಗೆಸಬಾರದು. ಚುಚ್ಚಿದರೆ ನಂಜು ಒಳಹೊಕ್ಕು, ಕಾಯ್ದರೆ ಹೋಗುತ್ತಿದ್ದ ಬಾವು ಕೀವಿನ ಗಡ್ಡೆಯಾಗುತ್ತದೆ. ಬಿಸಿ ಕಾವು, ಚುಟಿಗೆ, ಗಿಡಮೂಲಿಕೆಯ ಲೇಪ ಇವೂ ಬೇಡ. ಎರಡು, ಒಳಗಿನ ರಕ್ತ ಕರಗುವಾಗ ಕೂಸಿಗೆ ಕಾಮಾಲೆ ಹೆಚ್ಚಬಹುದು. ಬಾಣಂತಿಯ ಕೋಣೆ ಕತ್ತಲೆಯಾಗಿರುವುದರಿಂದ ಹಳದಿ ಬಣ್ಣ ಗೊತ್ತಾಗುವುದಿಲ್ಲ. ದಿನಕ್ಕೊಮ್ಮೆ ಕೂಸನ್ನು ಬಾಗಿಲ ಬೆಳಕಿಗೆ ತಂದು, ಮೂಗಿನ ತುದಿ, ಎದೆ, ಅಂಗಾಲು ಇವುಗಳನ್ನು ಬೆರಳಿನಿಂದ ಮೆಲ್ಲಗೆ ಒತ್ತಿ ಬಿಟ್ಟು ನೋಡಬೇಕು. ಹುಟ್ಟಿದ ಮೊದಲ 24 ತಾಸಿನಲ್ಲೇ ಹಳದಿ ಕಂಡರೆ, ಅಥವಾ ಎಂದಾದರೂ ಅಂಗೈ ಅಂಗಾಲಿಗೆ ಹಳದಿ ಇಳಿದರೆ, ಅಂದೇ ದವಾಖಾನೆಗೆ ಒಯ್ಯಬೇಕು. ವಿಪರೀತ ಕಾಮಾಲೆ ಮಿದುಳಿಗೆ ಏರಿ ಕಿವುಡುತನವನ್ನೂ ಅಂಗವಿಕಲತೆಯನ್ನೂ ತರುತ್ತದೆ. ಸಮಯಕ್ಕೆ ನೀಲಿ ಬೆಳಕಿನ ಕೆಳಗೆ ಮಲಗಿಸಿದರೆ ಬಹುತೇಕ ಕೂಸುಗಳು ಸುಧಾರಿಸುತ್ತವೆ. ಎಳೆಬಿಸಿಲು ತೋರಿಸುವುದು ಅದಕ್ಕೆ ಬದಲಾಗದು.

ಮೂರನೆಯದು ಅಪರೂಪ, ಆದರೆ ಪ್ರಾಣಕ್ಕೆ ಬರುವಂಥದು. 1950ರ ದಶಕದಲ್ಲಿ ಸ್ವೀಡನ್ ದೇಶದ ವೈದ್ಯ ಟಾಗೆ ಮಾಲ್ಮ್‌ಸ್ಟ್ರೋಮ್ ಬಳಕೆಗೆ ತಂದ ವ್ಯಾಕ್ಯೂಮ್ ಬಟ್ಟಲು ಎಷ್ಟೋ ಕಷ್ಟದ ಹೆರಿಗೆಗಳನ್ನು ಸುಸೂತ್ರಗೊಳಿಸಿದೆ. ಅದನ್ನು ದೂರುವಂತಿಲ್ಲ. ಆದರೆ ಎಳೆಯುವಾಗ ಕೆಲವೊಮ್ಮೆ ಎಲುಬಿನ ಪೊರೆಯ ಮೇಲ್ಗಡೆಯ ಸಡಿಲ ಜಾಗದಲ್ಲಿ ನಾಳಗಳು ಹರಿಯುತ್ತವೆ. ಅಲ್ಲಿ ಯಾವ ಒಡ್ಡೂ ಇಲ್ಲ. ಹುಬ್ಬಿನಿಂದ ಹಿಡಿದು ಕತ್ತಿನವರೆಗೆ ರಕ್ತ ಹರಡುತ್ತದೆ. ಮೂರು ಕಿಲೋ ತೂಕದ ಕೂಸಿನ ಮೈಯಲ್ಲಿರುವ ಒಟ್ಟು ರಕ್ತ ಸುಮಾರು 240 ರಿಂದ 250 ಮಿಲಿಲೀಟರು. ಅಷ್ಟನ್ನೂ ಆ ಜಾಗ ನುಂಗಬಲ್ಲದು. ತಲೆಯ ಸುತ್ತಳತೆ ಒಂದು ಸೆಂಟಿಮೀಟರು ಹೆಚ್ಚಿದರೆ ಸುಮಾರು 40 ಮಿಲಿಲೀಟರು ಸೋರಿದೆಯೆಂದು ಡಾಕ್ಟರು ಅಂದಾಜು ಮಾಡುತ್ತಾರೆ. ಅದಕ್ಕಾಗಿಯೇ ನರ್ಸ್ ಬಾಯಿ ಮತ್ತೆ ಮತ್ತೆ ಟೇಪು ಹಿಡಿದು ಬರುತ್ತಾರೆ. ಇದರ ಲಕ್ಷಣ: ತಲೆಯೆಲ್ಲ ನೀರಿನ ಚೀಲದಂತೆ ತುಳುಕುವುದು, ಕಿವಿ ಮುಂದಕ್ಕೆ ತಳ್ಳಿದಂತಾಗುವುದು, ಕಣ್ಣಿನ ಸುತ್ತ ಊದುವುದು, ಕೂಸು ಬಿಳಿಚಿ ಸೊರಗಿ ಮೊಲೆ ಹಿಡಿಯದಿರುವುದು. ಇದು ಹೆಚ್ಚಾಗಿ ಮೊದಲ ದಿನಗಳಲ್ಲೇ ಹೊರಬೀಳುತ್ತದೆ. ಆದುದರಿಂದ ವ್ಯಾಕ್ಯೂಮ್ ಹೆರಿಗೆಯಾದರೆ 'ಎಲ್ಲ ನೆಟ್ಟಗಿದೆ, ಇವತ್ತೇ ಮನೆಗೆ ಬಿಡಿರಿ' ಎಂದು ಗಂಟುಬೀಳಬಾರದು. ಹುಟ್ಟಿದ ಕೂಡಲೇ ತೊಡೆಗೆ ಕೊಡುವ 1 ಮಿಲಿಗ್ರಾಂ ವಿಟಮಿನ್ ಕೆ ಚುಚ್ಚುಮದ್ದನ್ನು ಬೇಡವೆನ್ನಲೂ ಬಾರದು. ಎಳೆಗೂಸುಗಳಲ್ಲಿ ರಕ್ತ ಹೆಪ್ಪುಗಟ್ಟುವ ಶಕ್ತಿ ಕಡಿಮೆ, ಅದಕ್ಕೆ ಈ ಚುಚ್ಚುಮದ್ದು ಬೇಕು.

ಬಾವಲ್ಲದ ಬೇರೆ ಗುರುತುಗಳೂ ಇವೆ. ಕೆಲವು ಕೂಸುಗಳ ನೆತ್ತಿಯಲ್ಲಿ ನಾಣ್ಯದಷ್ಟು ಜಾಗದಲ್ಲಿ ಚರ್ಮವೇ ಇಲ್ಲದೆ, ಹೊಳೆಯುವ ತೆಳು ಪೊರೆ ಅಥವಾ ಹಸಿ ಗಾಯ ಇರುತ್ತದೆ. ದವಾಖಾನೆಯವರ ಇಕ್ಕಳ ತಾಗಿತೆಂದು ಮನೆಯವರು ಜಗಳಕ್ಕೆ ನಿಲ್ಲುವುದುಂಟು. ಇದು ಗರ್ಭದಲ್ಲಿಯೇ ಚರ್ಮ ಬೆಳೆಯದೆ ಉಳಿದ ಜಾಗವಿರಬಹುದು. ಅಪ್ಲೇಸಿಯಾ ಕ್ಯೂಟಿಸ್ ಎನ್ನುತ್ತಾರೆ. ಚಿಕ್ಕದಾದರೆ ಸ್ವಚ್ಛವಾಗಿಟ್ಟರೆ ಸಾಕು, ಮಾಯ್ದು ಕೂದಲಿಲ್ಲದ ಕಲೆಯಾಗುತ್ತದೆ. ಅರಿಸಿನ, ಬೂದಿ, ಬಿಸಿ ಎಣ್ಣೆ ಹಾಕಬಾರದು. ಆದರೆ ಆ ಜಾಗದ ಸುತ್ತ ಉಳಿದ ಕೂದಲಿಗಿಂತ ದಟ್ಟವಾದ ಕಪ್ಪು ಕೂದಲಿನ ಉಂಗುರವಿದ್ದರೆ, ಅಥವಾ ತಲೆಯ ನಡುಗೆರೆಯಲ್ಲಿ ಗಂಟಿದ್ದು ಕೂಸು ಅತ್ತಾಗ ಉಬ್ಬಿದರೆ, ಎಚ್ಚರ. ಅಂಥ ಗಂಟಿನ ಬೇರು ಬುರುಡೆಯೊಳಗೆ ಮಿದುಳಿನವರೆಗೆ ಇರಬಹುದು. ಸ್ಕ್ಯಾನ್ ಆಗುವವರೆಗೆ ಅದನ್ನು ಒತ್ತಬಾರದು, ಕೊಯ್ಯಿಸಬಾರದು.

ಇನ್ನು ನೀರುಗುಳ್ಳೆ. ಮೊದಲ ಮೂರ್ನಾಲ್ಕು ವಾರದಲ್ಲಿ ತಲೆಯ ಮೇಲೆ ಗೊಂಚಲಾಗಿ ಸಣ್ಣ ನೀರುಗುಳ್ಳೆ ಎದ್ದರೆ ಅದು ಹರ್ಪಿಸ್ ಎಂಬ ವೈರಸ್ ಆಗಿರಬಹುದು. ಮೈ ಬಿಸಿ ಇಲ್ಲದಿದ್ದರೂ ಸರಿ, ಬೆಳಗಿನವರೆಗೆ ಕಾಯುವಂತಿಲ್ಲ. ಅದು ಮಿದುಳಿಗೆ ಹೋಗುವ ಮುನ್ನ ಔಷಧಿ ರಕ್ತಕ್ಕೆ ಸೇರಬೇಕು. ಕೀವುಗುಳ್ಳೆಯ ಜೊತೆ ಜ್ವರ, ಮೈ ತಣ್ಣಗಾಗುವುದು, ಅಥವಾ ಕೂಸು ಸುಮ್ಮನಿರುವಾಗಲೂ ನೆತ್ತಿಯ ಮಿದು ಜಾಗ, ಅಂದರೆ ಮರಾಠಿಯವರ ಟಾಳೂ, ಉಬ್ಬಿ ನಿಲ್ಲುವುದು, ಇವೂ ಹಾಗೆಯೇ.

ಕತ್ತಿನ ಹಿಂದೆ ಕೂದಲಂಚಿನಲ್ಲಿ ಕಾಣುವ ಗುಲಾಬಿ ಕಲೆ ಮಾತ್ರ ಬಹಳ ಕೂಸುಗಳಲ್ಲಿ ಇರುವಂಥದು. ಬೆರಳಿಟ್ಟರೆ ಮಾಯವಾಗಿ, ಬಿಟ್ಟರೆ ಮರಳುತ್ತದೆ. ಅತ್ತಾಗ ಕೆಂಪೇರುತ್ತದೆ. ಅದಕ್ಕೂ ಗ್ರಹಣಕ್ಕೂ ಸಂಬಂಧವಿಲ್ಲ, ಸೊಸೆಯನ್ನು ಅನ್ನಬೇಡಿರಿ. ಆದರೆ ಒಂದೆರಡು ವಾರದ ಮೇಲೆ ಕೆಂಪು ಚುಕ್ಕೆ ಎದ್ದು ತಿಂಗಳೊಪ್ಪತ್ತಿನಲ್ಲಿ ಬೆಳೆಯುತ್ತ ಹೋದರೆ ಅದು ರಕ್ತನಾಳದ ಗಂಟು. 2008ರಲ್ಲಿ ಫ್ರಾನ್ಸಿನ ಬೋರ್ಡೊ ನಗರದ ವೈದ್ಯರು ಹೃದಯದ ಔಷಧಿಯಾದ ಪ್ರೊಪ್ರನೊಲೋಲ್ ಇದಕ್ಕೆ ನಾಟುವುದನ್ನು ಕಂಡುಕೊಂಡರು. ಅಂದಿನಿಂದ ಇದರ ಚಿಕಿತ್ಸೆ ಬಹಳ ಸುಧಾರಿಸಿದೆ. ಬೇಗ ತೋರಿಸಿದಷ್ಟು ಒಳ್ಳೆಯದು.

ತಿಂಗಳು ತುಂಬುವ ಹೊತ್ತಿಗೆ ತಲೆಯ ಮೇಲೆ ಹಳದಿ ಜಿಡ್ಡಿನ ಹಕ್ಕಳೆ ಕಟ್ಟುವುದು ಕೊಳೆಯಲ್ಲ, ತಾಯಿಯ ಅಲಕ್ಷ್ಯವೂ ಅಲ್ಲ. ಸ್ವಲ್ಪ ಕೊಬ್ಬರಿ ಎಣ್ಣೆ ಸವರಿ, ನೆನೆದ ಮೇಲೆ ಮೆದು ಬ್ರಶ್ಶಿನಿಂದ ಬಿಡಿಸಿ, ಎಣ್ಣೆ ಉಳಿಯದಂತೆ ತಲೆ ತೊಳೆಯಬೇಕು. ಉಗುರಿನಿಂದ ಕೀಳಬಾರದು. ಕೆಲವು ತಿಂಗಳಲ್ಲಿ ತಾನೇ ನಿಲ್ಲುತ್ತದೆ.

ತೋರಿಸುವುದು ಎಲ್ಲಿ? ಆಶಾತಾಯಿ ಹೆರಿಗೆಯ ಬಳಿಕ 3, 7, 14, 21, 28, 42ನೆಯ ದಿನ ಮನೆಗೆ ಬರಬೇಕೆಂಬ ನಿಯಮವಿದೆ. ಆ ದಿನ ಕುಂಚಿಗೆ ತೆಗೆದೇ ತೋರಿಸಿರಿ. ಗುಣವಾಗುವ ಬಾವಿಗೆ ಅಕ್ಕಲಕೋಟೆಯ ಗ್ರಾಮೀಣ ರುಗ್ಣಾಲಯ ಸಾಕು. ಮೇಲೆ ಹೇಳಿದ ಅಪಾಯದ ಲಕ್ಷಣಗಳಿದ್ದರೆ 108ಕ್ಕೆ ಕರೆಮಾಡಿ, ಸೊಲ್ಲಾಪುರದಲ್ಲಿ ಡಾ. ವೈಶಂಪಾಯನ ಸ್ಮಾರಕ ಸರಕಾರಿ ವೈದ್ಯಕೀಯ ಕಾಲೇಜಿಗೆ ಸೇರಿದ ಸಿವ್ಹಿಲ್ ಆಸ್ಪತ್ರೆಗೆ ಒಯ್ಯಬೇಕು. 2011ರಲ್ಲಿ ಆರಂಭವಾದ ಜನನಿ ಶಿಶು ಸುರಕ್ಷಾ ಯೋಜನೆಯಂತೆ ಸರಕಾರಿ ದವಾಖಾನೆಗಳಲ್ಲಿ ಎಳೆಗೂಸಿನ ಚಿಕಿತ್ಸೆ, ಔಷಧಿ, ಸಾಗಾಟ ಉಚಿತ. ಹೋಗುವಾಗ ಡಿಸ್ಚಾರ್ಜ್ ಕಾಗದ ಮರೆಯಬೇಡಿರಿ. ಬಾವು ಯಾವ ದಿನ, ಎಷ್ಟು ಹೊತ್ತಿಗೆ ಕಂಡಿತೆಂದು ಅದರ ಹಿಂದೆ ಕನ್ನಡದಲ್ಲೇ ಬರೆದಿಟ್ಟುಕೊಂಡರೂ ನಡೆಯುತ್ತದೆ.

ಜವಳ ತೆಗೆಸುವ ದಿನ ಮತ್ತೊಂದು ಗುರುತು ಬೆಳಕಿಗೆ ಬರುವುದುಂಟು: ಕೂದಲಿಲ್ಲದ, ಹಳದಿ ಮಿಶ್ರಿತ ಕಿತ್ತಳೆ ಬಣ್ಣದ, ಮೇಣ ಸವರಿದಂಥ ಪಟ್ಟಿ. 1895ರಲ್ಲಿ ಯಾಡಸ್ಸೋನ್ ಎಂಬ ವೈದ್ಯ ಇದನ್ನು ವರ್ಣಿಸಿದ. ಇದು ಹುಟ್ಟಿನಿಂದಲೇ ಇದ್ದು ಕೂದಲಲ್ಲಿ ಮರೆಯಾಗಿರುತ್ತದೆ. ಹರೆಯ ಬಂದಾಗ ನರುಲಿಯಂತೆ ಒರಟಾಗುತ್ತದೆ. ಕ್ಯಾನ್ಸರ್ ಆಗುವುದು ತೀರ ವಿರಳ. ಅವಸರದ ಆಪರೇಶನ್ ಬೇಡ, ಒಮ್ಮೆ ಚರ್ಮದ ಡಾಕ್ಟರಿಗೆ ತೋರಿಸಿದರಾಯಿತು. ಆದರೆ ಕ್ಷೌರಿಕನಿಗೆ ಮೊದಲೇ ತೋರಿಸಿ, ಆ ಪಟ್ಟಿಯ ಮೇಲೆ ಕತ್ತಿ ಆಡಿಸದೆ, ಸುತ್ತಲಿನ ಕೂದಲನ್ನು ಕತ್ತರಿಯಿಂದಲೇ ತೆಗೆಯಲು ಹೇಳಿರಿ.