ಮಹಾಮಾರಿಯ ಕಾಲದಲ್ಲಿ ‘ಸಂಸ್ಕಾರ’

‘ಸಂಸ್ಕಾರ’ ಎಂಬ ಶಬ್ದಕ್ಕೆ ಅಂತ್ಯಕ್ರಿಯೆ ಎಂದೂ ಬಾಳನ್ನು ತಿದ್ದುವ ಸಂಸ್ಕೃತಿ ಎಂದೂ ಅರ್ಥಗಳುಂಟು. 1965ರಲ್ಲಿ ಪ್ರಕಟವಾದ ಯು. ಆರ್. ಅನಂತಮೂರ್ತಿಯವರ ಆ ಹೆಸರಿನ ಕಾದಂಬರಿಯಲ್ಲಿ ಈ ಎರಡು ಅರ್ಥಗಳೂ ಪ್ಲೇಗಿನಿಂದ ಸತ್ತವನೊಬ್ಬನ ಹೆಣದ ಮುಂದೆ ಮುಖಾಮುಖಿಯಾಗುತ್ತವೆ. 2020-21ರ ಕೊರೋನಾ ಕಾಲವನ್ನು ಕಂಡವರಿಗೆ ಅದು ಹಳೆಯ ಕಥೆಯಾಗಿ ತೋರದು.

ಅರಸೀಕೆರೆ, ಬೇಲೂರು, ಹಳೇಬೀಡು ಸೀಮೆಯ ಹಿರಿಯರಿಗೆ ಪ್ಲೇಗು ಅಪರಿಚಿತವಾಗಿರಲಿಲ್ಲ. ‘ಇಲಿ ಬಿತ್ತು’ ಎಂದೊಡನೆ ಊರು ಬಿಟ್ಟು ಹೊಲದಲ್ಲಿ ಗುಡಿಸಲು ಹಾಕುತ್ತಿದ್ದುದನ್ನು ನಮ್ಮ ಅಜ್ಜಿ ಹೇಳುತ್ತಿದ್ದರು. ರೋಗ ಹರಡುವುದು ಇಲಿಯ ಮೈಮೇಲಿನ ಚಿಗಟದಿಂದಾದ್ದರಿಂದ ಅಲ್ಲಿ ಮನೆ ಬಿಡುವುದೇ ರಕ್ಷೆ. ಕೊರೋನಾ ಉಸಿರಿನಿಂದ ಹರಡುವುದರಿಂದ ಇಲ್ಲಿ ಮನೆಯಲ್ಲಿರುವುದೇ ರಕ್ಷೆ. ಪ್ಲೇಗಿನ ನಿಮಿತ್ತ 1897ರಲ್ಲಿ ರಚಿತವಾದ ಸಾಂಕ್ರಾಮಿಕ ರೋಗಗಳ ಕಾಯಿದೆಯೇ 2020ರಲ್ಲಿಯೂ ಬಳಕೆಗೆ ಬಂದಿತು.

ಕಾದಂಬರಿಯ ನಾರಣಪ್ಪ ಶಿವಮೊಗ್ಗೆಯಿಂದ ಜ್ವರ ಹೊತ್ತು ಬಂದು ಸಾಯುತ್ತಾನೆ. ಆಚಾರಗೆಟ್ಟವನ ಶವಕ್ಕೆ ಸಂಸ್ಕಾರ ಮಾಡುವವರಾರು ಎಂದು ಅಗ್ರಹಾರ ಚರ್ಚಿಸುತ್ತದೆ. ಇಲಿಗಳು ಸಾಯುತ್ತವೆ, ಹದ್ದುಗಳು ಮಾಡಿನ ಮೇಲೆ ಇಳಿಯುತ್ತವೆ. ಜನ ಜಾಗಟೆ ಬಾರಿಸಿ, ಶಂಖ ಊದಿ ಅವನ್ನು ಓಡಿಸುತ್ತಾರೆ. ಪ್ರಾಣೇಶಾಚಾರ್ಯರಿಗೆ ಗ್ರಂಥದಲ್ಲಿಯೂ ಉತ್ತರ ದೊರೆಯದು, ಮಾರುತಿಯ ಗುಡಿಯಲ್ಲಿಯೂ ದೊರೆಯದು. ಕಡೆಗೆ ಚಂದ್ರಿಯು ಮೀನು ವ್ಯಾಪಾರಿ ಅಹಮದ್ ಬ್ಯಾರಿಯ ನೆರವಿನಿಂದ ರಾತ್ರೋರಾತ್ರಿ ಶವವನ್ನು ಸುಡಿಸಿ ಹೊರಟುಹೋಗುತ್ತಾಳೆ. ಹೆಣ ಬೂದಿಯಾದ ಮೇಲೂ ಬ್ರಾಹ್ಮಣರ ಜಿಜ್ಞಾಸೆ ನಿಲ್ಲುವುದಿಲ್ಲ!

ಈಗ ನಮ್ಮ ಕಾಲವನ್ನು ನೋಡೋಣ. ಮುಖದ ಕಡೆ ಚೀಲ ತೆರೆದು ಬಂಧುಗಳಿಗೆ ಅಂತಿಮ ದರ್ಶನ ಮಾಡಿಸಬಹುದು, ದೇಹವನ್ನು ಮುಟ್ಟದೆ ಮಂತ್ರಪಠನ, ತೀರ್ಥಪ್ರೋಕ್ಷಣೆಗಳನ್ನು ನಡೆಸಬಹುದು ಎಂದು ಕೇಂದ್ರ ಆರೋಗ್ಯ ಸಚಿವಾಲಯವು 2020ರಲ್ಲಿಯೇ ಸೂಚಿಸಿದ್ದಿತು. ಆದರೂ ಅನೇಕ ಕಡೆ ಬಂಧುಗಳು ಹತ್ತಿರ ಸುಳಿಯಲಿಲ್ಲ. ಜಾತಿಮತಗಳನ್ನು ಕೇಳದ ಸ್ವಯಂಸೇವಕರು ಹೆಗಲು ಕೊಟ್ಟರು. 2021ರ ಜೂನ್ ತಿಂಗಳಲ್ಲಿ, ವಾರಸುದಾರರು ಒಯ್ಯದೆ ಬಿಟ್ಟ 500ಕ್ಕೂ ಹೆಚ್ಚು ಮಂದಿಯ ಅಸ್ಥಿಯನ್ನು ಸರ್ಕಾರವೇ ಮಳವಳ್ಳಿ ತಾಲ್ಲೂಕಿನ ಬೆಳಕವಾಡಿಯ ಬಳಿ ಕಾವೇರಿಯಲ್ಲಿ ವಿಸರ್ಜಿಸಬೇಕಾಯಿತು. ಅವುಗಳಲ್ಲಿ ಎಷ್ಟು ಬಡತನದಿಂದ, ಎಷ್ಟು ಭಯದಿಂದ ಉಳಿದವೋ! ಸ್ವತಃ ರೋಗಪೀಡಿತರಾಗಿ ಬರಲಾರದವರನ್ನು ದೂಷಿಸುವುದು ನ್ಯಾಯವಲ್ಲ.

ರೋಗದಿಂದ ದೂರವಿರುವುದು ವಿವೇಕ; ರೋಗಿಯನ್ನು ದೂರಮಾಡುವುದು ವಿವೇಕವಲ್ಲ. ಮಾರಿ ಬಂದಾಗ ಮೊದಲು ಪರೀಕ್ಷೆಗೊಳಗಾಗುವುದು ಈ ಭೇದವನ್ನು ಅರಿಯುವ ನಮ್ಮ ಬುದ್ಧಿ. ಅಗ್ರಹಾರ ಚರ್ಚಿಸುತ್ತಿದ್ದಾಗ ಚಂದ್ರಿ ಮಾಡಿ ಮುಗಿಸಿದ್ದಳು. ಆ ಶಬ್ದದ ಎರಡು ಅರ್ಥಗಳೂ ಒಂದಾದುದು ಅವಳ ಆ ಒಂದು ರಾತ್ರಿಯ ಕೆಲಸದಲ್ಲಿ.