ನಿಮಗಿದು ಗೊತ್ತೆ? ಹಳ್ಳಿಯ ಬ್ರಾಡ್‌ಬ್ಯಾಂಡ್‌ಗೆ ಬೆಂಗಳೂರಿನ ಉಪಕರಣ

● ಬೆಂಗಳೂರಿನ ಐಟಿಐ ಸ್ಥಾಪನೆಯಾದದ್ದು 1948ರಲ್ಲಿ. ದೂರವಾಣಿ ಉಪಕರಣಗಳಿಗೆಂದೇ ಹುಟ್ಟಿದ ಈ ಸಾರ್ವಜನಿಕ ಉದ್ಯಮ ಈಗ ಬ್ರಾಡ್‌ಬ್ಯಾಂಡ್ ಸಾಧನಗಳನ್ನು ತಯಾರಿಸುತ್ತದೆ. ಜಾಲವನ್ನು ಅಳವಡಿಸಿ ನಿರ್ವಹಿಸುವ ಸೇವೆಯನ್ನೂ ಒದಗಿಸುತ್ತದೆ.

● 2000ದಲ್ಲಿ ಬೆಂಗಳೂರಿನಲ್ಲೇ ಆರಂಭವಾದ ತೇಜಸ್ ನೆಟ್‌ವರ್ಕ್ಸ್ ಆಪ್ಟಿಕಲ್ ಫೈಬರ್ ಜಾಲದ ಉಪಕರಣಗಳನ್ನು ತಾನೇ ವಿನ್ಯಾಸಗೊಳಿಸುತ್ತದೆ. ಇಂದು ಅದು ಟಾಟಾ ಸಮೂಹದ ಕಂಪನಿ.

● ಕುಂದಾಪುರ ಸಮೀಪದ ಗುಲ್ವಾಡಿಯಂಥ ಹಳ್ಳಿಗಳಿಗೂ ವೇಗದ ಇಂಟರ್ನೆಟ್ ತಲುಪಿಸುವುದು ಭಾರತ್‌ನೆಟ್ ಯೋಜನೆಯ ಗುರಿ. ಸುಮಾರು 2.5 ಲಕ್ಷ ಗ್ರಾಮ ಪಂಚಾಯಿತಿಗಳನ್ನು ಜೋಡಿಸುವ ಈ ಯೋಜನೆಗೆ ಕೇಂದ್ರ ಸಂಪುಟ 2011ರಲ್ಲಿ ಒಪ್ಪಿಗೆ ನೀಡಿತು.

● ಇದರಲ್ಲಿ ಬಳಸುವ ಜಿಪಾನ್ ತಂತ್ರಜ್ಞಾನದಲ್ಲಿ ಒಂದೇ ಫೈಬರ್ ಎಳೆ ಹಲವು ಸಂಪರ್ಕಗಳಾಗಿ ಕವಲೊಡೆಯುತ್ತದೆ. ಬರುವ ಮಾಹಿತಿಗೆ 1490, ಹೋಗುವ ಮಾಹಿತಿಗೆ 1310 ನ್ಯಾನೊಮೀಟರ್ ತರಂಗಾಂತರದ ಬೆಳಕು. ಎಳೆಯನ್ನು ಕವಲಾಗಿಸುವ ಸ್ಪ್ಲಿಟರ್‌ಗೆ ವಿದ್ಯುತ್ ಬೇಕಿಲ್ಲ.