ಗಣಕಯಂತ್ರದ ಮಾತನ್ನು ಬಿಡಿಸಿ ಓದೋಣ

ಕಲಿಯುವ ಮಕ್ಕಳಿರುವ ಮನೆಗಳಿಗೆ ಗಣಕಯಂತ್ರವು ಇಂದು ಹೊಸ ವಸ್ತುವಲ್ಲ. ಆದರೆ ಅದು ಒಮ್ಮೆ ಮುನಿಸಿಕೊಂಡು ಪರದೆಯ ಮೇಲೆ ಎರಡು ಸಾಲು ಇಂಗ್ಲಿಷ್ ಬರೆದರೆ ಸಾಕು, ಮಕ್ಕಳು ಗಾಬರಿಯಾಗುತ್ತಾರೆ, ಪಾಲಕರು ಯಂತ್ರವನ್ನು ಹೊತ್ತುಕೊಂಡು ಪೇಟೆಯ ದಾರಿ ಹಿಡಿಯುತ್ತಾರೆ. ಅಲ್ಲಿ "ಎಲ್ಲವನ್ನೂ ಅಳಿಸಿ ಹೊಸದಾಗಿ ಹಾಕಬೇಕು" ಎಂಬ ಮಾತಿಗೆ ತಲೆಯಾಡಿಸಿದರೆ ಹಣವೂ ಹೋಗುತ್ತದೆ, ಮಕ್ಕಳು ವರ್ಷವಿಡೀ ಬರೆದಿಟ್ಟ ಪಾಠಗಳೂ ಹೋಗುತ್ತವೆ. ಅನೇಕ ವೇಳೆ ಕೊರತೆಯಾಗಿರುವುದು ಒಂದೇ ಒಂದು ಕಡತ. ಅದನ್ನು ಗುರುತಿಸುವ ಬಗೆಯನ್ನು ತಿಳಿಯೋಣ.

ನಮ್ಮ ಹಳ್ಳಿಗಳ ಮದುವೆಯನ್ನು ನೆನೆಯಿರಿ. ಸಾವಿರ ಜನರಿಗೆ ಅಡಿಗೆ ಮಾಡುವ ಹಂಡೆ, ಪಾತೇಲಿಗಳನ್ನು ಪ್ರತಿ ಮನೆಯವರೂ ಕೊಳ್ಳುವುದಿಲ್ಲ. ದೇವಸ್ಥಾನದಲ್ಲೋ ಬಸದಿಯಲ್ಲೋ ಊರಿನ ಪಾತ್ರೆಗಳಿರುತ್ತವೆ. ಬೇಕಾದವರು ತಂದು ಬಳಸುತ್ತಾರೆ. ಗಣಕಯಂತ್ರದ ಪದ್ಧತಿಯೂ ಇದೇ. ಅಕ್ಷರ ಮೂಡಿಸುವುದು, ಚಿತ್ರ ತೋರಿಸುವುದು ಮುಂತಾದವು ಎಲ್ಲ ತಂತ್ರಾಂಶಗಳಿಗೂ ಬೇಕಾದ ಕೆಲಸಗಳು. ಅವುಗಳನ್ನು ಒಮ್ಮೆ ಬರೆದು ಒಂದೆಡೆ ಇಟ್ಟ ಕಡತಕ್ಕೆ 'ಶೇರ್ಡ್ ಲೈಬ್ರರಿ' ಎಂದು ಹೆಸರು. ಇದರಿಂದ ಜಾಗವೂ ಸ್ಮರಣೆಯೂ ಉಳಿಯುತ್ತವೆ. ಒಂದು ಕಡೆ ದೋಷ ತಿದ್ದಿದರೆ ಎಲ್ಲರಿಗೂ ಗುಣ. ತಂತ್ರಾಂಶ ಏಳುವಾಗ 'ಲೋಡರ್' ಎಂಬ ಉಗ್ರಾಣಿ ಪಟ್ಟಿ ಹಿಡಿದು ಈ ಕಡತಗಳನ್ನು ಹುಡುಕಿ ತರುತ್ತಾನೆ. ಒಂದು ಸಿಗದಿದ್ದರೂ ಒಲೆ ಹೊತ್ತುವುದಿಲ್ಲ.

ಈಗ ಸಂದೇಶವನ್ನು ಓದೋಣ. ಲಿನಕ್ಸ್ ವ್ಯವಸ್ಥೆಯಲ್ಲಿ ಅದು 'ಲಿಬ್‌ಎಸ್‌ಎಸ್‌ಎಲ್.ಎಸ್‌ಒ.1.1' ಎಂಬ ಹೆಸರು ಹೇಳಿ, ಅಂಥ ಕಡತ ಇಲ್ಲ ಎನ್ನುತ್ತದೆಂದು ಇಟ್ಟುಕೊಳ್ಳಿ. ವ್ಯಾಕರಣದಲ್ಲಿ ಸಮಾಸವನ್ನು ವಿಗ್ರಹಿಸುವಂತೆ ಈ ಹೆಸರನ್ನು ಬಿಡಿಸಿರಿ. 'ಲಿಬ್' ಎಂದರೆ ಲೈಬ್ರರಿ. 'ಎಸ್‌ಎಸ್‌ಎಲ್' ಎಂಬುದು ಅದರ ಕೆಲಸ, ಅಂದರೆ ಅಂತರ್ಜಾಲದಲ್ಲಿ ಮಾತು ಗುಟ್ಟಾಗಿ ಸಾಗುವಂತೆ ಕಾಯುವುದು. 'ಎಸ್‌ಒ' ಎಂದರೆ ಹಂಚಿಕೊಂಡು ಬಳಸುವ ಕಡತ. 1.1 ಎಂಬುದು ಆವೃತ್ತಿ.

ಇದು ಬರಿಯ ಕಲ್ಪನೆಯಲ್ಲ. ನಮ್ಮಂತೆಯೇ ಕರ್ನಾಟಕದ ಗಡಿಯಾಚೆ ಉಳಿದ ಕಾಸರಗೋಡಿನ ಕನ್ನಡ ಮಕ್ಕಳು ಶಾಲೆಯಲ್ಲಿ ಲಿನಕ್ಸ್ ಬಳಸಿ ಕಲಿಯುತ್ತಾರೆ. ಕೇರಳದಲ್ಲಿ 2001ರಲ್ಲಿ ಆರಂಭವಾದ 'ಐಟಿ ಅಟ್ ಸ್ಕೂಲ್' ಯೋಜನೆ 2017ರಲ್ಲಿ 'ಕೈಟ್' ಸಂಸ್ಥೆಯಾಯಿತು. ಅದು ಶಾಲೆಗಳಿಗೆ ಕೊಡುವ ವ್ಯವಸ್ಥೆ ಉಬುಂಟುವನ್ನು ಆಧರಿಸಿದ್ದು. 2022ರ ಏಪ್ರಿಲ್‌ನಲ್ಲಿ ಬಂದ ಉಬುಂಟು 22.04ರಲ್ಲಿ ಮೇಲಿನ ಲೈಬ್ರರಿಯ 1.1 ಹೋಗಿ 3 ಬಂದಿತು. ಹಳೆಯದನ್ನೇ ನಂಬಿದ ತಂತ್ರಾಂಶಗಳು ಅಂಥ ಯಂತ್ರಗಳಲ್ಲಿ ಏಳದಾದವು. ಹೊಸ ಕಡತಕ್ಕೆ ಹಳೆಯ ಹೆಸರಿಟ್ಟು ಮೋಸಗೊಳಿಸುವುದು ಸಲ್ಲದು. ಒಂದು ಹಂಡೆಯ ಮುಚ್ಚಳ ಇನ್ನೊಂದಕ್ಕೆ ಕೂಡುವುದಿಲ್ಲ. 1.1.1 ಆವೃತ್ತಿಯ ಸಾರ್ವಜನಿಕ ದುರಸ್ತಿಯೂ 2023ರ ಸೆಪ್ಟೆಂಬರಿನಲ್ಲಿ ನಿಂತಿತು. ಆದ್ದರಿಂದ ಆ ತಂತ್ರಾಂಶದ ಹೊಸ ಆವೃತ್ತಿಯನ್ನು ಹಾಕಿಕೊಳ್ಳುವುದೇ ಸರಿಯಾದ ದಾರಿ.

ಪರಿಹಾರದ ಕ್ರಮ ಹೀಗಿದೆ:

1. ಕಡತದ ಹೆಸರನ್ನು ಅಕ್ಷರ, ಅಂಕೆ, ಚುಕ್ಕೆ ತಪ್ಪದಂತೆ ನೋಟುಬುಕ್ಕಿನಲ್ಲಿ ಬರೆದುಕೊಳ್ಳಿರಿ.

2. 'ಎಲ್‌ಡಿಡಿ' ಎಂಬ ಆಜ್ಞೆಗೆ ತಂತ್ರಾಂಶದ ಕಡತವನ್ನು ತೋರಿಸಿದರೆ, ಬೇಕಾದ ಲೈಬ್ರರಿಗಳ ಪಟ್ಟಿಯೂ ಸಿಗದಿರುವುದರ ಹೆಸರೂ ಕಾಣುತ್ತವೆ. ನಂಬಿಕೆಯಿಲ್ಲದ ತಂತ್ರಾಂಶದ ಮೇಲೆ ಇದನ್ನು ಪ್ರಯೋಗಿಸಬಾರದು.

3. ಕಡತ ಇಲ್ಲವೇ ಇಲ್ಲವಾದರೆ, ಅದನ್ನೊಳಗೊಂಡ ಪ್ಯಾಕೇಜನ್ನು ವ್ಯವಸ್ಥೆಯ ಅಧಿಕೃತ ಭಂಡಾರದಿಂದಲೇ ಹಾಕಿರಿ.

4. ಕಡತವಿದ್ದೂ ಬೇರೆ ಜಾಗದಲ್ಲಿದ್ದರೆ, ಆ ಜಾಗವನ್ನು ಲೋಡರ್‌ನ ಪಟ್ಟಿಗೆ ಸೇರಿಸಿ 'ಎಲ್‌ಡಿಕಾನ್ಫಿಗ್' ಆಜ್ಞೆ ಕೊಡಿರಿ. ಉಗ್ರಾಣದ ವಹಿ ಹೊಸದಾಗುತ್ತದೆ.

5. 32 ಬಿಟ್‌ನ ತಂತ್ರಾಂಶಕ್ಕೆ 64 ಬಿಟ್‌ನ ಲೈಬ್ರರಿ ಒದಗದು. ಇದನ್ನೂ ಪರೀಕ್ಷಿಸಿರಿ.

ವಿಂಡೋಸ್‌ನಲ್ಲಿ ಇಂಥ ಕಡತಕ್ಕೆ 'ಡಿಎಲ್‌ಎಲ್' ಎನ್ನುತ್ತಾರೆ. 'ವಿಸಿರನ್‌ಟೈಮ್140' ಇಲ್ಲವೆಂದರೆ ಮೈಕ್ರೋಸಾಫ್ಟ್ ಕಂಪನಿಯೇ ಉಚಿತವಾಗಿ ಕೊಡುವ 'ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್' ಎಂಬುದನ್ನು ಹಾಕಬೇಕು. ಗುರುತಿಲ್ಲದ ತಾಣದಿಂದ ಬಿಡಿ ಡಿಎಲ್‌ಎಲ್ ತರುವುದು ಬೀದಿಯಲ್ಲಿ ಸಿಕ್ಕ ಔಷಧ ಕುಡಿದಂತೆ. ಅದರೊಡನೆ ವೈರಸ್ ಸಹ ಬರಬಹುದು.

ಪಾಲಕರಲ್ಲಿ ಒಂದು ವಿನಂತಿ: ಎಲ್ಲವನ್ನೂ ಅಳಿಸಲು ಒಪ್ಪುವ ಮೊದಲು "ಯಾವ ಕಡತ ಸಿಗುತ್ತಿಲ್ಲ?" ಎಂದು ಕೇಳಿರಿ, ಮಕ್ಕಳ ಕೆಲಸದ ಪ್ರತಿಯನ್ನು ಪೆನ್‌ಡ್ರೈವಿನಲ್ಲಿ ತೆಗೆದಿಡಿರಿ. ವಿದ್ಯಾರ್ಥಿಗಳೇ, ಮನೆಯಲ್ಲಿ ಕನ್ನಡ, ಪೇಟೆಯಲ್ಲಿ ಮರಾಠಿ, ಪುಸ್ತಕದಲ್ಲಿ ಇಂಗ್ಲಿಷ್ ಎಂದು ಮೂರು ಭಾಷೆಗಳ ನಡುವೆ ಬೆಳೆಯುವ ನಿಮಗೆ ಇನ್ನೊಂದು ನುಡಿಯನ್ನು ಬಿಡಿಸಿ ಓದುವುದು ಕಷ್ಟವಲ್ಲ. ಯಂತ್ರವು ತನ್ನ ನೋವು ಎಲ್ಲಿದೆಯೆಂದು ಹೇಳುತ್ತಲೇ ಇರುತ್ತದೆ. ಅದನ್ನು ಕೊನೆಯ ಅಕ್ಷರದವರೆಗೆ ಓದುವ ತಾಳ್ಮೆ ನಮಗಿರಬೇಕು.